ಮುಖವಾಡದಾಚೆಯ ಎಡಿತ್ ಸ್ಕೋಬ್

ಫ್ರೆಂಚ್ ನಟಿ ಎಡಿತ್ ಸ್ಕೋಬ್ 2019ರ ಜೂನ್ 26ರಂದು ಪ್ಯಾರಿಸ್‌ನಲ್ಲಿ ತೀರಿಕೊಂಡಾಗ ಅವರಿಗೆ 81 ವರ್ಷ. ಆರು ದಶಕ ನಟಿಸಿದವರು. ಆದರೂ ಆ ಹೆಸರು ಹೇಳಿದೊಡನೆ ಸಿನಿಮಾಪ್ರಿಯರ ಕಣ್ಣಿಗೆ ಕಟ್ಟುವುದು ಒಂದು ಬಿಳಿಯ ಮುಖವಾಡ ಮಾತ್ರ. ಇದು ಅವರಿಗೆ ಆದ ಅನ್ಯಾಯವೆಂದೇ ನಮ್ಮ ಭಾವನೆ.

ಆ ಮುಖವಾಡ ಜಾರ್ಜ್ ಫ್ರಾನ್ಜು ನಿರ್ದೇಶನದ 1960ರ ‘ಐಸ್ ವಿದೌಟ್ ಎ ಫೇಸ್’ ಚಿತ್ರದ್ದು. ಅಪಘಾತದಲ್ಲಿ ಮುಖ ಕಳೆದುಕೊಂಡ ಮಗಳಿಗಾಗಿ ಶಸ್ತ್ರವೈದ್ಯ ತಂದೆ ಬೇರೆ ಹುಡುಗಿಯರನ್ನು ಅಪಹರಿಸಿ ಅವರ ಮುಖದ ಚರ್ಮ ಸುಲಿಯುತ್ತಾನೆ. ಮಗಳು ಕ್ರಿಸ್ಟಿಯಾನಳ ಪಾತ್ರದಲ್ಲಿ ಸ್ಕೋಬ್ ಅವರ ನಿಜವಾದ ಮುಖ ಕಾಣುವುದು ಕೆಲವೇ ನಿಮಿಷ. ಉಳಿದಂತೆ ತುಟಿ ಅಲುಗದು, ಹುಬ್ಬು ಏರದು. ನಟಿಗೆ ಮುಖಜ ಅಭಿನಯವನ್ನೇ ನಿಷೇಧಿಸಿದ ಪಾತ್ರವದು. ಉಳಿದದ್ದು ಎರಡು ದೊಡ್ಡ ಕಣ್ಣು, ತೆಳ್ಳನೆಯ ಕತ್ತು, ನೆಲಕ್ಕೆ ತಾಗಿಯೂ ತಾಗದಂತಹ ನಡಿಗೆ. ಕೊನೆಗೆ ನಾಯಿಗಳನ್ನು, ಪಾರಿವಾಳಗಳನ್ನು ಪಂಜರಗಳಿಂದ ಬಿಟ್ಟು, ಅವಳು ಕತ್ತಲ ಮರಗಳ ನಡುವೆ ಹೊರಟುಹೋಗುತ್ತಾಳೆ. ಆ ನಡಿಗೆಯಲ್ಲಿ ಸೇಡೂ ಇಲ್ಲ, ಗೆಲುವೂ ಇಲ್ಲ. ಬಿಡುಗಡೆ ಮಾತ್ರ ಇದೆ.

ಫ್ರಾನ್ಜು ಅವರ ಐದು ಚಿತ್ರಗಳಲ್ಲಿ ಸ್ಕೋಬ್ ನಟಿಸಿದರು. 1969ರಲ್ಲಿ ಲೂಯಿ ಬುನ್ಯುವೆಲ್ ಅವರ ‘ದ ಮಿಲ್ಕಿ ವೇ’ಯಲ್ಲಿ ಕನ್ಯೆ ಮರಿಯಳಾದರು. ಆದರೆ ಸಿನಿಮಾ ಅವರನ್ನು ಹೆಚ್ಚಾಗಿ ಚಿಕ್ಕ ಪಾತ್ರಗಳಲ್ಲೇ ಬಳಸಿಕೊಂಡಿತು. ಪತಿ, ಗ್ರೀಕ್ ಮೂಲದ ಸಂಗೀತ ಸಂಯೋಜಕ ಜಾರ್ಜ್ ಅಪೆರ್ಗಿಸ್ ಜೊತೆ ಪ್ಯಾರಿಸ್ ಹೊರವಲಯದ ಬಾನ್ಯೋಲೆಯಲ್ಲಿ ಕಟ್ಟಿದ ಸಂಗೀತ ರಂಗಭೂಮಿಯೇ ಅವರನ್ನು ಪೂರ್ತಿಯಾಗಿ ದುಡಿಸಿಕೊಂಡಿತು ಎನ್ನಬೇಕು.

ಸಿನಿಮಾದಲ್ಲಿ ಫಲ ಬಂದದ್ದು ಎಪ್ಪತ್ತರ ವಯಸ್ಸಿನ ಹೊಸ್ತಿಲಲ್ಲಿ. ಒಲಿವಿಯೆ ಅಸಾಯಾಸ್ ಅವರ ‘ಸಮ್ಮರ್ ಅವರ್ಸ್’ (2008) ಚಿತ್ರದಲ್ಲಿ ಅವರು 75ರ ಹುಟ್ಟುಹಬ್ಬದ ಅಜ್ಜಿ ಎಲೆನ್. ಹಳ್ಳಿಮನೆಯ ತೋಟದಲ್ಲಿ ಮಕ್ಕಳು, ಮೊಮ್ಮಕ್ಕಳು ಸೇರಿದ್ದಾರೆ. ಅವರು ಹಿರಿಮಗನನ್ನು ಪಕ್ಕಕ್ಕೆ ಕರೆದು, ತಾನು ಹೋದ ಮೇಲೆ ಯಾವ ಚಿತ್ರ, ಯಾವ ಮೇಜು ಏನಾಗಬೇಕೆಂದು ಮನೆಯ ಲೆಕ್ಕ ಒಪ್ಪಿಸುವಷ್ಟೇ ಸಲೀಸಾಗಿ ಹೇಳುತ್ತಾರೆ. ಮಗನಿಗೆ ಕೇಳಲು ಇಷ್ಟವಿಲ್ಲ. ಎಲ್ಲರೂ ಹೊರಟ ಮೇಲೆ, ಕತ್ತಲಾಗುತ್ತಿರುವ ಮನೆಯಲ್ಲಿ ಅವರು ಒಬ್ಬರೇ ಕುಳಿತಿರುತ್ತಾರೆ. ಕಣ್ಣೀರಿಲ್ಲ. ಮುಂದೆ ಅವರ ಸಾವನ್ನು ಚಿತ್ರ ತೋರಿಸುವುದೂ ಇಲ್ಲ. ಚಿತ್ರದ ಮೊದಲ ಭಾಗದಲ್ಲಷ್ಟೇ ಇರುವ ಅವರು ಕೊನೆಯವರೆಗೂ ಆ ಮನೆಯನ್ನು ತುಂಬಿರುತ್ತಾರೆ. ನಮ್ಮ ಲೆಕ್ಕದಲ್ಲಿ ಅವರ ಶ್ರೇಷ್ಠ ಪಾತ್ರ ಇದೇ.

1991ರ ಚಿತ್ರವೊಂದರಲ್ಲಿ ಅವರ ಪಾತ್ರದ ಬಹುಪಾಲನ್ನು ಕತ್ತರಿಸಿದ್ದ ನಿರ್ದೇಶಕ ಲಿಯೋ ಕರಾಕ್ಸ್, 2012ರ ‘ಹೋಲಿ ಮೋಟರ್ಸ್’ನಲ್ಲಿ ಆ ಋಣ ತೀರಿಸಿದರು. ಅದರಲ್ಲಿ ಸ್ಕೋಬ್ ಅವರ ಪಾತ್ರ, ಪ್ಯಾರಿಸ್ ಬೀದಿಗಳಲ್ಲಿ ಉದ್ದನೆಯ ಬಿಳಿ ಕಾರು ಓಡಿಸುವ ಸೆಲೀನ್, ಕಡೆಯಲ್ಲಿ ಒಂದು ಮುಖವಾಡ ತೊಟ್ಟು ಮನೆಗೆ ಹೊರಡುತ್ತಾಳೆ. ‘ಸಮ್ಮರ್ ಅವರ್ಸ್’, ‘ಹೋಲಿ ಮೋಟರ್ಸ್’ ಎರಡಕ್ಕೂ ಸ್ಕೋಬ್ ಫ್ರಾನ್ಸ್‌ನ ಸೆಸಾರ್ ಚಲನಚಿತ್ರ ಪ್ರಶಸ್ತಿಯ ಪೋಷಕ ನಟಿ ವಿಭಾಗದಲ್ಲಿ ನಾಮನಿರ್ದೇಶನಗೊಂಡರು.

ಸ್ಕೋಬ್ ಅವರನ್ನು ಇನ್ನೂ ನೋಡದವರು ದಯವಿಟ್ಟು ‘ಸಮ್ಮರ್ ಅವರ್ಸ್’ನಿಂದ ಶುರುಮಾಡಿ. ಮುಖವಾಡದ ಚಿತ್ರವನ್ನು ಆಮೇಲೆ ನೋಡಿ.