ಆಟವೆಲ್ಲ ಹುಡುಗಾಟವಲ್ಲ

ಹುಣಸೂರಿನ ಮದುವೆಯೊಂದರಲ್ಲಿ ಸಿಕ್ಕ ಹಳೆಯ ವಿದ್ಯಾರ್ಥಿಯೊಬ್ಬರು, "ಮೇಷ್ಟ್ರೇ, ಆಟ ಅನ್ನ ಕೊಡುವುದಿಲ್ಲ ಎಂದು ನೀವು ಹೇಳುತ್ತಿದ್ದುದನ್ನೇ ಈಗ ಮಗನಿಗೆ ಹೇಳುತ್ತಿದ್ದೇನೆ. ವಿಡಿಯೋ ಗೇಮಿನಲ್ಲಿ ಹೊಡಿ, ಬಡಿ ಬಿಟ್ಟರೆ ಇನ್ನೇನಿದೆ?" ಎಂದರು. ಆ ಮಾತನ್ನು ನಾನು ಹೇಳಿದ್ದು ನಿಜ. ಇಂದು ಹಿಂತೆಗೆದುಕೊಳ್ಳುತ್ತೇನೆ.

ನನ್ನ ಶ್ರೀಮತಿ ತೀರಿಕೊಂಡ ಮೇಲೆ ಮೊಮ್ಮಗ 'ಪ್ಯಾಸೇಜ್' ಎಂಬ ಆಟವನ್ನು ತೋರಿಸಿದ. ಅಮೆರಿಕದ ಜೇಸನ್ ರೋರರ್ 2007ರಲ್ಲಿ ರಚಿಸಿದ ಇದರ ಅವಧಿ ಐದೇ ನಿಮಿಷ. ಚಿತ್ರವೋ, 100 ಚುಕ್ಕೆ ಅಗಲ, 16 ಚುಕ್ಕೆ ಎತ್ತರದ ಒಂದು ಪಟ್ಟಿ. ಅದರಲ್ಲೊಬ್ಬ ತರುಣ ಒಂಟಿಯಾಗಿ ನಡೆಯುತ್ತಾನೆ. ದಾರಿಯಲ್ಲಿ ಒಬ್ಬ ಹೆಣ್ಣುಮಗಳು ಎದುರಾಗುತ್ತಾಳೆ. ಸೇರಿದರೆ ಇಬ್ಬರೂ ಜೊತೆಯಾಗಿ ನಡೆಯಬಹುದು. ಆದರೆ ಒಬ್ಬರಷ್ಟೇ ನುಸುಳಬಲ್ಲ ಸಂದಿಗಳ ಆಚೆಗಿನ ನಿಧಿಯ ಪೆಟ್ಟಿಗೆಗಳು ಕೈತಪ್ಪುತ್ತವೆ. ಬಿಟ್ಟುಹೋದರೆ ಪೆಟ್ಟಿಗೆ ಸಿಕ್ಕೀತು, ಸಂಗಾತಿ ಇಲ್ಲ. ನಡೆಯುತ್ತ ನಡೆಯುತ್ತ ಇಬ್ಬರಿಗೂ ಮುಪ್ಪು ಬರುತ್ತದೆ. ಅವಳು ಮೊದಲು ಹೋಗುತ್ತಾಳೆ. ಆಮೇಲೆ ಅವನ ಹೆಜ್ಜೆ ನಿಧಾನವಾಗುತ್ತದೆ. ಗೆಲ್ಲುವ ಉಪಾಯವೇ ಇಲ್ಲ. ನಾನು ಎದ್ದು ಹೋಗಿ ಮುಖ ತೊಳೆದುಕೊಂಡು ಬಂದೆ.

ನ್ಯೂಯಾರ್ಕಿನ ಆಧುನಿಕ ಕಲಾ ಸಂಗ್ರಹಾಲಯ 2012ರಲ್ಲಿ ಈ ಆಟವನ್ನು ತನ್ನ ಸಂಗ್ರಹಕ್ಕೆ ಸೇರಿಸಿಕೊಂಡಿತು. ಪರದೇಶದವರ ಮೆಚ್ಚುಗೆ ಬೇಡವೆನ್ನುವವರು ಮೈಸೂರಿನ ಜಗನ್ಮೋಹನ ಅರಮನೆಗೆ ಹೋಗಿ, ಗೋಡೆಯ ಮೇಲೆ ಬರೆಸಿರುವ ಆಟದ ಮಣೆಗಳನ್ನು ನೋಡಲಿ. 1831ರಲ್ಲಿ ಆಡಳಿತವನ್ನು ಕಳೆದುಕೊಂಡ ಮುಮ್ಮಡಿ ಕೃಷ್ಣರಾಜ ಒಡೆಯರು ರೂಪಿಸಿದ 'ದೇವೀ ಸಾಯುಜ್ಯ'ದಲ್ಲಿ ಕಾಯಿ ಸಾಗುವುದು ಚಾಮುಂಡೇಶ್ವರಿಯ ಸನ್ನಿಧಿಯತ್ತ. ಮಣೆಯ ಮೇಲೆ ಹಂಬಲವನ್ನು ಇಡಬಹುದೆಂದು ನಮ್ಮ ದೊರೆಗಳಿಗೆ ತಿಳಿದಿತ್ತು, ನನಗೆ ತಿಳಿದಿರಲಿಲ್ಲ.

ಎಲ್ಲ ಆಟಗಳೂ ಹೀಗಿಲ್ಲವೆಂದು ನನಗೂ ಗೊತ್ತು. ಹಣ ಕಟ್ಟಿ ಆಡುವ ಆನ್‌ಲೈನ್ ಆಟಗಳನ್ನು 2025ರ ಕೇಂದ್ರ ಕಾಯಿದೆ ನಿಷೇಧಿಸಿದ್ದು ಸರಿಯೇ. ಆದರೆ ಕೆಟ್ಟ ಕಾದಂಬರಿಗಳಿಗಾಗಿ ಗ್ರಂಥಾಲಯಕ್ಕೆ ಬೀಗ ಹಾಕುತ್ತೇವೆಯೇ?

ಹಿಂದೆ ಎಚ್.ಡಿ. ಕೋಟೆಯ ಕಾಡಂಚಿನಿಂದ ಬಂದ ಹಾಸ್ಟೆಲ್ ಹುಡುಗನೊಬ್ಬ ಶಾಲೆಯ ಜಗಲಿಯಲ್ಲಿ ಒಬ್ಬನೇ ಅಳಗುಳಿಮಣೆ ಆಡುತ್ತಿದ್ದ, ಎರಡೂ ಕಡೆಯ ಆಟ ತಾನೇ. ಓದುವ ಹೊತ್ತೆಂದು ನಾನು ಹುಣಸೆಬೀಜಗಳನ್ನು ಕಿತ್ತು ಅಂಗಳಕ್ಕೆ ಎಸೆದೆ. ಎದುರಿಗೆ ಕೂರುವವರು ಅವನಿಗೆ ಯಾರೂ ಇರಲಿಲ್ಲವೆಂಬುದು ಅಂದು ಹೊಳೆಯಲಿಲ್ಲ. ಮರುವಾರ ಅವನು ಶಾಲೆ ಬಿಟ್ಟ.

ಮದುವೆಯಲ್ಲಿ ಸಿಕ್ಕ ಆ ಶಿಷ್ಯರಿಗೆ ಇಷ್ಟು ಹೇಳುತ್ತೇನೆ: ಮಗನ ಮೊಬೈಲನ್ನು ಕಿತ್ತುಕೊಳ್ಳುವ ಮೊದಲು ಪಕ್ಕದಲ್ಲಿ ಕುಳಿತು, ಏನು ಆಡುತ್ತಿದ್ದೀಯಪ್ಪಾ ಎಂದು ಒಮ್ಮೆ ಕೇಳಿ.