ಗುತ್ತಿಗೆ ಕಾರ್ಮಿಕರ ಭವಿಷ್ಯನಿಧಿ: ಹೊಣೆ ಯಾರದು?

ಶ್ರೀರಂಗಪಟ್ಟಣ, ಪಾಂಡವಪುರ, ಕೃಷ್ಣರಾಜಪೇಟೆ ಮತ್ತು ನಾಗಮಂಗಲ ತಾಲ್ಲೂಕುಗಳಿಗೆ ವಿದ್ಯುತ್ ವಿತರಿಸುವ ಹೊಣೆ ಮೈಸೂರಿನ ಚಾಮುಂಡೇಶ್ವರಿ ವಿದ್ಯುತ್ ಸರಬರಾಜು ನಿಗಮದ್ದು. ಕಂಬ ನೆಡುವುದು, ತಂತಿ ಎಳೆಯುವುದು, ಟ್ರಾನ್ಸ್‌ಫಾರ್ಮರ್ ಅಳವಡಿಸುವುದು ಮೊದಲಾದ ಕಾಮಗಾರಿಗಳು ರಾಜ್ಯದ ವಿತರಣಾ ಕಂಪನಿಗಳಲ್ಲಿ ಬಹುಮಟ್ಟಿಗೆ ಟೆಂಡರ್ ಮೂಲಕ ಗುತ್ತಿಗೆದಾರರ ಪಾಲಾಗುತ್ತವೆ. ತಾಲ್ಲೂಕು ಮಟ್ಟದ ಸಣ್ಣ ಗುತ್ತಿಗೆದಾರನ ಬಳಿ ದುಡಿಯುವವರು ಆರೆಂಟು ಮಂದಿ ಇರಬಹುದು. ಅವರ ಭವಿಷ್ಯನಿಧಿ ವಂತಿಗೆಯನ್ನು ಆತ ಪಾವತಿಸದಿದ್ದರೆ ಹೊಣೆ ಯಾರದು?

ಕಾನೂನಿನ ಉತ್ತರದಲ್ಲಿ ಗೊಂದಲವಿಲ್ಲ. 1952ರ ನೌಕರರ ಭವಿಷ್ಯನಿಧಿ ಕಾಯ್ದೆಯು ಸಂಸ್ಥೆಯ ಕೆಲಸಕ್ಕೆ ಸಂಬಂಧಿಸಿ ಗುತ್ತಿಗೆದಾರನ ಮೂಲಕ ನೇಮಕಗೊಂಡವನನ್ನೂ 'ನೌಕರ' ಎಂದೇ ಪರಿಗಣಿಸಿತು. ಅದರಡಿಯ ಯೋಜನೆಯು ಮಾಲೀಕ ಮತ್ತು ನೌಕರ ಇಬ್ಬರ ಪಾಲನ್ನೂ ಮೊದಲು ಪಾವತಿಸುವ ಹೊಣೆಯನ್ನು ಕೆಲಸ ಕೊಟ್ಟ ಮೂಲ ಸಂಸ್ಥೆಯ ಮೇಲೆ ಹೊರಿಸಿ, ಆ ಮೊತ್ತವನ್ನು ಗುತ್ತಿಗೆದಾರನ ಬಿಲ್ಲಿನಿಂದ ಕಡಿತ ಮಾಡಿಕೊಳ್ಳಲು ಅವಕಾಶವಿತ್ತಿತು. ಮನೆಯಲ್ಲಿ ಕುಳಿತು ಗುತ್ತಿಗೆದಾರರ ಮೂಲಕ ಬೀಡಿ ಕಟ್ಟುವವರೂ ಈ ವ್ಯಾಖ್ಯೆಗೆ ಒಳಪಡುತ್ತಾರೆಂದು ಸುಪ್ರೀಂ ಕೋರ್ಟ್ 1985ರಲ್ಲಿ ಪಿ.ಎಂ. ಪಟೇಲ್ ಪ್ರಕರಣದಲ್ಲಿ ಹೇಳಿತು. 2025ರ ನವೆಂಬರ್ 21ರಂದು ಜಾರಿಗೆ ಬಂದ ಸಾಮಾಜಿಕ ಭದ್ರತಾ ಸಂಹಿತೆಯೂ ಈ ತತ್ವವನ್ನು ಕೈಬಿಟ್ಟಿಲ್ಲ.

ಆದರೆ ಆಚರಣೆಯಲ್ಲಿ ಎರಡು ವಾದಗಳು ಅಡ್ಡ ಬರುತ್ತವೆ. ಇಪ್ಪತ್ತಕ್ಕಿಂತ ಕಡಿಮೆ ಮಂದಿ ಇರುವುದರಿಂದ ತನಗೆ ಕಾನೂನು ಅನ್ವಯಿಸದು ಎಂಬುದು ಸಣ್ಣ ಗುತ್ತಿಗೆದಾರನ ವಾದ. ಅವನ ಆಳುಗಳನ್ನು ಮೂಲ ಸಂಸ್ಥೆಯ ನೌಕರರೊಂದಿಗೆ ಎಣಿಸಬೇಕು ಎಂಬುದನ್ನು ಈ ವಾದ ಮರೆಯುತ್ತದೆ. ಗುತ್ತಿಗೆದಾರನಿಗೆ ಪ್ರತ್ಯೇಕ ಭವಿಷ್ಯನಿಧಿ ಸಂಕೇತ ಸಂಖ್ಯೆ ಇದ್ದರೆ ತನ್ನ ಹೊಣೆ ತೀರಿತು ಎಂಬುದು ಮೂಲ ಸಂಸ್ಥೆಯ ವಾದ. ಅಂತಹ ಗುತ್ತಿಗೆದಾರನನ್ನೇ ಮೊದಲು ಹೊಣೆಗಾರನನ್ನಾಗಿಸಬೇಕೆಂದು ಕೆಲವು ಹೈಕೋರ್ಟ್‌ಗಳು ಹೇಳಿರುವುದು ನಿಜ. ಸ್ವಂತ ಕಾರ್ಯಾಗಾರದಲ್ಲಿ ಹತ್ತಾರು ಗ್ರಾಹಕರಿಗೆ ದುಡಿಯುವ ಉದ್ಯಮಿಯ ಮಟ್ಟಿಗೆ ಇದು ನ್ಯಾಯವೇ. ಆದರೆ ನಿಗಮದ ಮಾರ್ಗದಲ್ಲೇ, ನಿಗಮದ ಕಂಬ ಹತ್ತಿ ದುಡಿಯುವವನಿಗೆ ಆ ಸಂಖ್ಯೆಯೊಂದೇ ರಕ್ಷಣೆಯಾಗದು.

ಲೆಕ್ಕ ನೋಡಿ. ವೇತನ ಮಿತಿಯಾದ 15,000 ರೂಪಾಯಿಗೆ ಶೇ 12ರಂತೆ ಇಬ್ಬರ ಪಾಲು ಸೇರಿ ತಿಂಗಳಿಗೆ 3,600 ರೂಪಾಯಿ. ಹತ್ತು ಮಂದಿಗೆ ವರ್ಷಕ್ಕೆ 4.32 ಲಕ್ಷ ರೂಪಾಯಿ. ಮಾಲೀಕನ ಪಾಲಿನಲ್ಲಿ 1,250 ರೂಪಾಯಿ ಪಿಂಚಣಿ ನಿಧಿಗೆ ಸಲ್ಲುತ್ತದೆ. ಮಾಸಿಕ ಪಿಂಚಣಿಗೆ ಹತ್ತು ವರ್ಷಗಳ ಅರ್ಹ ಸೇವೆ ಬೇಕು. ಗುತ್ತಿಗೆ ಬದಲಾದಾಗಲೆಲ್ಲ ವಂತಿಗೆಯಲ್ಲಿ ಅಂತರ ಬಿದ್ದರೆ ಇಪ್ಪತ್ತು ವರ್ಷ ದುಡಿದವನಿಗೂ ಈ ಹತ್ತು ವರ್ಷ ತುಂಬದಿರಬಹುದು. ವಿದ್ಯುತ್ ಕೆಲಸದಲ್ಲಿ ಅಪಾಯ ಇನ್ನೂ ಹತ್ತಿರದ್ದು. ಸದಸ್ಯನು ಸೇವೆಯಲ್ಲಿರುವಾಗಲೇ ಮೃತನಾದರೆ ಒಂದು ತಿಂಗಳ ವಂತಿಗೆ ಸಂದಿದ್ದರೂ ಕುಟುಂಬ ಪಿಂಚಣಿಗೆ ದಾರಿಯಾಗುತ್ತದೆ. ಇದರ ಜೊತೆಗಿನ ವಿಮೆಯ ಗರಿಷ್ಠ ಮೊತ್ತ 7 ಲಕ್ಷ ರೂಪಾಯಿ. ದಾಖಲೆಯಲ್ಲಿ ಹೆಸರೇ ಇಲ್ಲದವನ ವಿಧವೆಗೆ ಇವೆರಡನ್ನೂ ಪಡೆಯುವುದು ವರ್ಷಗಟ್ಟಲೆಯ ಅಲೆದಾಟ.

ಮೂಲ ದೋಷ ಟೆಂಡರ್ ಪದ್ಧತಿಯಲ್ಲಿದೆ. ಅತಿ ಕಡಿಮೆ ದರ ನಮೂದಿಸಿದವನಿಗೆ ಕೆಲಸ ಎಂದಾದಾಗ ವಂತಿಗೆ ತಪ್ಪಿಸುವವನು ಗೆಲ್ಲುತ್ತಾನೆ, ಕಾನೂನು ಪಾಲಿಸುವವನು ಸೋಲುತ್ತಾನೆ. ಆದ್ದರಿಂದ ವಂತಿಗೆಯನ್ನು ಸ್ಪರ್ಧೆಯಿಂದ ಹೊರಗಿಟ್ಟು, ಅಂದಾಜು ಪಟ್ಟಿಯಲ್ಲಿ ಪ್ರತ್ಯೇಕ ಬಾಬ್ತಾಗಿ ತೋರಿಸಿ, ಪಾವತಿಯ ಪುರಾವೆ ನೋಡಿಯೇ ಭರಿಸಬೇಕು. ಹಾಜರಿ ಪಟ್ಟಿಯ ಹೆಸರುಗಳು ಭವಿಷ್ಯನಿಧಿ ಚಲನ್‌ನ ಹೆಸರುಗಳೊಂದಿಗೆ ತಾಳೆಯಾಗದೆ ಯಾವ ಬಿಲ್ಲೂ ಮಂಜೂರಾಗಬಾರದು. ಚಲನ್‌ನ ಒಟ್ಟು ಮೊತ್ತವನ್ನಷ್ಟೇ ನೋಡಿದರೆ ಸಾಲದು. ಬೇರೆಲ್ಲೋ ದುಡಿದವರ ಹೆಸರಿನ ಚಲನ್ ಇಲ್ಲಿಗೂ ಲಗತ್ತಾಗುವ ಸಾಧ್ಯತೆಯಿದೆ.

ಇದರಿಂದ ಕಾಮಗಾರಿಯ ವೆಚ್ಚ ಏರಿ, ದರದ ಮೂಲಕ ಗ್ರಾಹಕರಾದ ನಮ್ಮನ್ನೂ ತಲುಪೀತು. ಆದರೆ ಆ ವೆಚ್ಚ ಹೊಸದಾಗಿ ಹುಟ್ಟಿದ್ದಲ್ಲ. ವಂತಿಗೆ ತಪ್ಪಿದಲ್ಲೆಲ್ಲ ಅದನ್ನು ಕಾರ್ಮಿಕನ ಮುಪ್ಪು ಭರಿಸುತ್ತಿರುತ್ತದೆ. ಕೆಲಸವನ್ನು ಗುತ್ತಿಗೆಗೆ ಕೊಡಬಹುದು, ಹೊಣೆಗಾರಿಕೆಯನ್ನು ಕೊಡಲಾಗದು.