ಹೆಸರು ಕಳಚಿದ ಫೋಟೊಗಳು

ಬೀಜಿಂಗ್ ಅಂಚಿನ ಗುಜರಿಯೊಂದರಲ್ಲಿ ಹಳೆಯ ನೆಗೆಟಿವ್‌ಗಳನ್ನು ಅವುಗಳೊಳಗಿನ ಬೆಳ್ಳಿಗಾಗಿ ಕರಗಿಸುತ್ತಿದ್ದರು. ಫ್ರೆಂಚ್ ಸಂಗ್ರಾಹಕ ಥಾಮಸ್ ಸೋವಾಂ 2009ರಿಂದ ಅವನ್ನು ಕಿಲೋ ಲೆಕ್ಕದಲ್ಲಿ ಕೊಂಡು ಉಳಿಸಿಕೊಂಡರು. ಲಕ್ಷಗಟ್ಟಲೆ ಇರುವ ಆ ಚಿತ್ರಗಳು ಹೆಚ್ಚಾಗಿ 1985 ಮತ್ತು 2005ರ ನಡುವೆ ಸಾಧಾರಣ ಮನೆಮಂದಿ ತೆಗೆದವು. ತೆಗೆದವರು ಯಾರೋ, ತೆಗೆಸಿಕೊಂಡವರು ಯಾರೋ. ಊರು ಕೇರಿ ಗೊತ್ತಿಲ್ಲದವರ ಮನೆಯ ಫೋಟೊಗಳು ನಮ್ಮನ್ನು ಇಷ್ಟು ಹೊತ್ತು ಹಿಡಿದು ನಿಲ್ಲಿಸುವುದೇಕೆ?

ಅವುಗಳಲ್ಲಿ ಕೃತಕತೆಯಿಲ್ಲ, ಅದಕ್ಕೇ ಅಷ್ಟು ಚೆನ್ನ ಎನ್ನುವವರಿದ್ದಾರೆ. ನನಗೆ ಒಪ್ಪಿಗೆಯಿಲ್ಲ. ಆ ರಾಶಿಯಲ್ಲಿ ಫ್ರಿಜ್ಜಿನ ಪಕ್ಕ ನಿಂತ ಹೆಂಗಸರು ಮತ್ತೆ ಮತ್ತೆ ಎದುರಾಗುತ್ತಾರೆ. ಮನೆಗೆ ಬಂದ ಹೊಸ ವಸ್ತುವಿನ ಜೊತೆ ತಾವೂ ಚಿತ್ರದಲ್ಲಿ ಬರಬೇಕೆಂದು ಅಣಿಯಾಗಿ, ಬೇಕೆಂದೇ ನಿಂತವರು ಅವರು. ಸ್ಟುಡಿಯೋದಲ್ಲಿ ಇರುವಷ್ಟೇ ಸಿದ್ಧತೆ ಇಲ್ಲೂ ಇದೆ.

ನನ್ನ ಲೆಕ್ಕದಲ್ಲಿ ಕಾರಣ ಬೇರೆ. ನಮ್ಮದೇ ಆಲ್ಬಂ ತಿರುವುವಾಗ ಕಣ್ಣಿಗಿಂತ ಮೊದಲು ನೆನಪು ಮಾತಾಡುತ್ತದೆ. ಇವರು ಚಿಕ್ಕಮ್ಮ, ಇದು ಅಣ್ಣನ ಮದುವೆ ಎಂದಾಯಿತು, ಹಾಳೆ ತಿರುಗಿತು. ಗುರುತು ಹಿಡಿದೊಡನೆ ನೋಟ ಮುಗಿಯುತ್ತದೆ. ಹೆಸರು ಕಳಚಿದ ಫೋಟೊದಲ್ಲಿ ಆ ಸುಲಭದ ದಾರಿಯಿಲ್ಲ. ಸೋವಾಂ 2015ರಲ್ಲಿ ಪ್ರಕಟಿಸಿದ ಪುಸ್ತಕವೊಂದರ ತುಂಬ ಚೀನೀ ಮದುವೆಗಳ ಸಿಗರೇಟು ಸಂಪ್ರದಾಯ: ವಧು ಅತಿಥಿಗಳಿಗೆ ಸಿಗರೇಟು ಹಚ್ಚಿಕೊಡುತ್ತಾಳೆ. ಬಂಧುಗಳಿಗೆ ಅಲ್ಲಿ ಕಾಣುವುದು ತಮ್ಮ ಮನೆ ಹುಡುಗಿ. ನಮಗೋ ಬಾಗಿದ ತಲೆಗಳು, ಬೆಂಕಿ ಕಾಯುವ ಬೆರಳುಗಳು, ಒಂದು ಸಮಾಜ ಮರ್ಯಾದೆ ತೋರಿಸುವ ಬಗೆ.

ಆರಿಸುವವರ ಪಾಲನ್ನೂ ಮರೆಯಬಾರದು. 1888ರ ಕೊಡಾಕ್ ಕ್ಯಾಮೆರಾ ನೂರು ಚಿತ್ರಗಳ ಸುರುಳಿಯೊಂದಿಗೆ ಬಂತು. 1900ರಲ್ಲಿ ಒಂದು ಡಾಲರಿನ ಬ್ರೌನಿ ಮಕ್ಕಳ ಕೈಗೂ ಕ್ಯಾಮೆರಾ ಕೊಟ್ಟಿತು. ಅಂದಿನಿಂದ ಜನ ತೆಗೆದದ್ದರಲ್ಲಿ ಹೆಚ್ಚಿನದು ಹೊರಗಿನವರಿಗೆ ನೀರಸ; ನೋಡುವಂಥದ್ದನ್ನು ಯಾರಾದರೂ ಹೆಕ್ಕಬೇಕು. 2000ದಲ್ಲಿ ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಮ್ಯೂಸಿಯಂ ಥಾಮಸ್ ವಾಲ್ಥರ್ ಸಂಗ್ರಹದ ಅನಾಮಿಕ ಫೋಟೊಗಳನ್ನು ಪ್ರದರ್ಶಿಸಿದಾಗ ಗೋಡೆಯ ಮೇಲಿದ್ದದ್ದು ವಾಲ್ಥರ್ ಅವರ ಕಣ್ಣೂ ಹೌದು. ತಲೆ ಕತ್ತರಿಸಿಹೋದ ಚಿತ್ರ ತೆಗೆದವನಿಗೆ ಕೈತಪ್ಪು. ಅದರಲ್ಲಿ ಸೊಗಸು ಕಂಡವರು ಆರಿಸಿದವರು.

ನನ್ನನ್ನು ಕಾಡುವುದು ಒಂದೇ. ಫ್ರಿಜ್ಜಿನ ಪಕ್ಕದ ಆ ಹೆಂಗಸರು ನಿಂತದ್ದು ತಮ್ಮವರಿಗಾಗಿ, ನಮಗಾಗಿ ಅಲ್ಲ. ಅವರನ್ನು ಯಾರೂ ಒಪ್ಪಿಗೆ ಕೇಳಿಲ್ಲ. ಅದಕ್ಕೇ ಇಂಥ ಫೋಟೊಗಳಿಗೆ ಪ್ರೇಮಕತೆ, ದುಃಖದ ಕತೆ ಕಟ್ಟಿ ಅಂಟಿಸುವುದು ನನಗೆ ಸರಿಬರುವುದಿಲ್ಲ. ಎಲ್ಲಿ ಸಿಕ್ಕಿತು, ಸುಮಾರು ಯಾವ ಕಾಲದ್ದು, ಯಾರು ಆರಿಸಿದರು ಎಂಬಷ್ಟನ್ನು ಕೆಳಗೆ ಬರೆದರೆ ಸಾಕು. ಅವರ ಬದುಕನ್ನು ಊಹಿಸಿ ಬರೆಯುವ ಹಕ್ಕು ಆ ನೆಗೆಟಿವ್ ಜೊತೆ ತೂಕಕ್ಕೆ ಸಿಕ್ಕದ್ದಲ್ಲ.